ನೆಲಮಾಳಿಗೆಯ ರೀಲುಗಳಿಂದ ಹುಟ್ಟಿದ ಚಿತ್ರ

ರಷ್ಯಾದ ಕೊನೆಯ ಚಕ್ರವರ್ತಿ ಎರಡನೆಯ ನಿಕೊಲಾಸ್‌ಗೆ ಕ್ಯಾಮೆರಾ ಎಂದರೆ ಪ್ರೀತಿ. ಮೆರವಣಿಗೆ, ಸೈನ್ಯದ ಕವಾಯತು, ಹಡಗಿನ ವಿಹಾರ ಎಲ್ಲವನ್ನೂ ಸೆರೆಹಿಡಿಯಲು ಆಸ್ಥಾನದ ಛಾಯಾಗ್ರಾಹಕರು ಜೊತೆಗಿರುತ್ತಿದ್ದರು. ಅದೇ ರೀಲುಗಳು ಮುಂದೊಂದು ದಿನ ಅವನ ರೊಮಾನೊವ್ ವಂಶದ ವಿರುದ್ಧವೇ ಸಾಕ್ಷಿ ನುಡಿದವು.

ನುಡಿಸಿದವಳು ಎಸ್ಫಿರ್ ಶೂಬ್. ಹೊರದೇಶದ ಚಿತ್ರಗಳನ್ನು ಸೋವಿಯತ್ ಪ್ರೇಕ್ಷಕರಿಗಾಗಿ ಕತ್ತರಿಸಿ ಮರುಜೋಡಿಸುವುದು ಅವಳ ಕಸುಬು. ಫ್ರಿಟ್ಸ್ ಲಾಂಗ್‌ನ ‘ಡಾಕ್ಟರ್ ಮಾಬುಸೆ’ಯನ್ನು ಹಾಗೆ ಮರುಸಂಕಲನ ಮಾಡುವಾಗ ಪಕ್ಕದಲ್ಲಿ ಕುಳಿತು ಕಲಿತವನು ಮುಂದೆ ಹೆಸರಾಂತ ನಿರ್ದೇಶಕನಾದ ಐಸೆನ್‌ಸ್ಟೈನ್.

ಚಕ್ರವರ್ತಿಯನ್ನು ಕೆಳಗಿಳಿಸಿದ 1917ರ ಫೆಬ್ರವರಿ ಕ್ರಾಂತಿಗೆ ಹತ್ತು ವರ್ಷ ತುಂಬುವುದಿತ್ತು. ಆ ಸಂದರ್ಭಕ್ಕೆ ಹಳೆಯ ರೀಲುಗಳಿಂದ ಚಿತ್ರ ಕಟ್ಟಲು 1926ರ ಬೇಸಿಗೆಯಲ್ಲಿ ಶೂಬ್ ಲೆನಿನ್‌ಗ್ರಾಡಿಗೆ ಹೋದಳು. ಹಳೆಯ ಸುದ್ದಿಚಿತ್ರಗಳು ತೇವ ಹಿಡಿದ ನೆಲಮಾಳಿಗೆಗಳಲ್ಲಿ ಬಿದ್ದಿದ್ದವು. ಯಾವ ಡಬ್ಬಿಯಲ್ಲಿ ಏನಿದೆ ಎಂದು ತಿಳಿಯಲು ಕೂತು ನೋಡುವುದೊಂದೇ ದಾರಿ. ಎರಡು ತಿಂಗಳಲ್ಲಿ ಅವಳು ನೋಡಿದ್ದು 60,000 ಮೀಟರ್ ಫಿಲ್ಮು, ಅಂದರೆ ಐವತ್ತು ಗಂಟೆಗೂ ಮಿಕ್ಕಿದ ದೃಶ್ಯ. ಆರಿಸಿಕೊಂಡದ್ದು 5,200 ಮೀಟರ್. ಕೊನೆಗೆ ಉಳಿಸಿಕೊಂಡದ್ದು ಸುಮಾರು 1,500.

ಅಂದಿನ ಫಿಲ್ಮು ನೈಟ್ರೇಟಿನದು. ಕಿಡಿ ತಗುಲಿದರೆ ಭಗ್ಗನೆ ಹತ್ತಿಕೊಳ್ಳುತ್ತದೆ, ತೇವ ತಗುಲಿದರೆ ಮೇಲಿನ ಪದರ ಕಿತ್ತುಬರುತ್ತದೆ. ಹಳೆಯ ಚಿತ್ರ ಕಳೆದುಕೊಂಡ ನೋವು ನಮಗೂ ಗೊತ್ತು: ಕನ್ನಡದ ಮೊದಲ ವಾಕ್ಚಿತ್ರ, ಕೊಲ್ಹಾಪುರದಲ್ಲಿ ತಯಾರಾಗಿ 1934ರಲ್ಲಿ ತೆರೆಕಂಡ ‘ಸತಿ ಸುಲೋಚನ’ದ ಒಂದು ಪ್ರತಿಯೂ ಇಂದು ನಮ್ಮ ಕೈಯಲ್ಲಿಲ್ಲ. ಅದರಲ್ಲಿ ನಟಿಸಿದ ಸುಬ್ಬಯ್ಯ ನಾಯ್ಡು, ತ್ರಿಪುರಾಂಬಾ ಅವರ ದನಿಯನ್ನು ಆ ಚಿತ್ರದಲ್ಲಿ ಕೇಳುವ ಭಾಗ್ಯ ನಮಗಿಲ್ಲ. ಈ ನಷ್ಟವನ್ನು ಬಲ್ಲವರಿಗೆ ಶೂಬ್ ನೆಲಮಾಳಿಗೆಯಲ್ಲಿ ಕಳೆದ ಎರಡು ತಿಂಗಳ ಬೆಲೆ ಗೊತ್ತಾಗುತ್ತದೆ.

1927ರ ಮಾರ್ಚಿನಲ್ಲಿ ಬಂದ ‘ರೊಮಾನೊವ್ ವಂಶದ ಪತನ’ದಲ್ಲಿ ಒಂದು ಜಾಗವಿದೆ. ಹಡಗಿನ ಅಟ್ಟದ ಮೇಲೆ ಬಿಳಿ ಉಡುಪಿನ ಹೆಂಗಸರು, ಅಧಿಕಾರಿಗಳು ಮಜುರ್ಕಾ ಕುಣಿಯುತ್ತಾರೆ. ದಣಿದು ಬೆವರು ಒರೆಸಿಕೊಳ್ಳುತ್ತಾರೆ. ಅದರ ಬೆನ್ನಿಗೇ ರೈತರು ನೆಲ ಅಗೆಯುತ್ತ ಬೆವರು ಒರೆಸಿಕೊಳ್ಳುತ್ತಾರೆ. ಎರಡೂ ತುಣುಕುಗಳನ್ನು ಬೇರೆ ಬೇರೆಯವರು, ಬೇರೆ ಬೇರೆ ಕಾರಣಕ್ಕೆ ತೆಗೆದದ್ದು. ಒಂದರ ಪಕ್ಕ ಇನ್ನೊಂದನ್ನು ಇಟ್ಟಕೂಡಲೇ ಛಾಯಾಗ್ರಾಹಕರ ಮನಸ್ಸಿನಲ್ಲಿಲ್ಲದ ಮಾತು ತೆರೆಯ ಮೇಲೆ ಬಂತು. ಇದರಲ್ಲಿ ಅಪಾಯವೂ ಇದೆ: ಇದೇ ಕೈಚಳಕದಿಂದ ಸುಳ್ಳನ್ನೂ ಹೇಳಿಸಬಹುದು. ಶೂಬ್ ಮಾಡಿದ್ದೂ ಕಮ್ಯುನಿಸ್ಟ್ ಪಕ್ಷದ ಪರವಾದ ಚಿತ್ರವೇ. ಆದರೂ ಅವಳು ಆತುರಪಡಲಿಲ್ಲ. ಪ್ರತಿ ದೃಶ್ಯವನ್ನು ಕಣ್ತುಂಬ ನೋಡುವಷ್ಟು ಹೊತ್ತು ಬಿಟ್ಟಳು. ಮುಖ, ಬಟ್ಟೆ, ನಡಿಗೆ ಎಲ್ಲ ದಾಖಲೆಯಾಗಿಯೇ ಉಳಿದವು.

ಬೇರೆಯವರು ತೆಗೆದ ರೀಲುಗಳನ್ನು ಜೋಡಿಸಿದವಳು ಕೃತಿಕಾರಳಾಗುವುದು ಹೇಗೆ ಎಂಬ ತಕರಾರು ಆಗಲೇ ಎದ್ದಿತು. ಚಿತ್ರಸಂಸ್ಥೆ ಸೋವ್‌ಕಿನೊ ಅವಳಿಗೆ ಕರ್ತೃವಿನ ಸಂಭಾವನೆ ಕೊಡಲು ಒಪ್ಪಲಿಲ್ಲ. ಕವಿ ಮಯಕೋವ್‌ಸ್ಕಿ ಅದನ್ನು ಬಹಿರಂಗವಾಗಿಯೇ ಖಂಡಿಸಿದ. ಅವನ ಮಾತೇ ಸರಿ: ಅರವತ್ತು ಸಾವಿರ ಮೀಟರಿನಲ್ಲಿ ಯಾವುದನ್ನು ಬಿಡಬೇಕೆಂದು ತಿಳಿದವಳೇ ಆ ಚಿತ್ರವನ್ನು ಬರೆದವಳು. ಶೂಬ್ ಅದೇ ವರ್ಷ ‘ಮಹಾಮಾರ್ಗ’ವನ್ನೂ, 1928ರಲ್ಲಿ ಟಾಲ್‌ಸ್ಟಾಯ್ ಕಾಲದ ರಷ್ಯಾ ಕುರಿತ ಚಿತ್ರವನ್ನೂ ಹಳೆಯ ರೀಲುಗಳಿಂದಲೇ ಕಟ್ಟಿದಳು.