ಜಪಾನಿನ ಮೂಕಿ ಕಾಲೇಜು ಹಾಸ್ಯಚಿತ್ರಗಳು

ಮೂಕಿ ಯುಗದ ಕೊನೆಯಲ್ಲಿ ಟೋಕಿಯೊದ ಶೋಚಿಕು ಕಂಪನಿಯ ಕಾಮಾಟಾ ಸ್ಟುಡಿಯೊದಿಂದ ಬಂದ ಲಘು ಹಾಸ್ಯದ ವಿದ್ಯಾರ್ಥಿ ಚಿತ್ರಗಳು. ಇವುಗಳಲ್ಲಿ ಯಸುಜಿರೊ ಓಜು ನಿರ್ದೇಶಿಸಿದವು ಹೆಚ್ಚು ಹೆಸರಾದವು. ಹೆರಾಲ್ಡ್ ಲಾಯ್ಡ್ ನಟಿಸಿದ ಅಮೆರಿಕದ ‘ದಿ ಫ್ರೆಶ್‌ಮನ್’ (1925) ಮುಂತಾದವುಗಳ ಪ್ರಭಾವ ಇವುಗಳ ಮೇಲಿತ್ತು.

ಶೀರ್ಷಿಕೆಗಳು ಒಂದನ್ನೊಂದು ಹೋಲುವುದರಿಂದ ಓಜು ಅವರ ಈ ಚಿತ್ರಗಳು ಸುಲಭವಾಗಿ ಅದಲುಬದಲಾಗುತ್ತವೆ. ‘ಯೌವನದ ಕನಸು’ (1928) ಹಾಸ್ಟೆಲ್ ಜೀವನದ ಕಥೆ. ಅದರ ಪ್ರತಿ ಉಳಿದಿಲ್ಲ. ‘ಯೌವನದ ದಿನಗಳು’ (1929) ಉಳಿದಿದೆ, ಓಜು ಚಿತ್ರಗಳಲ್ಲಿ ಇಂದು ನೋಡಸಿಗುವ ಅತ್ಯಂತ ಹಳೆಯದು. ಅದರ ನಾಯಕ ತನ್ನ ಕೋಣೆಯ ಕಿಟಕಿಗೆ ‘ಬಾಡಿಗೆಗಿದೆ’ ಎಂಬ ಫಲಕ ತೂಗುಹಾಕಿ, ಕೇಳಲು ಬರುವ ಹುಡುಗಿಯರ ಪರಿಚಯ ಮಾಡಿಕೊಳ್ಳಲು ಹೊಂಚುವವನು. ‘ಯೌವನದ ಕನಸುಗಳೀಗ ಎಲ್ಲಿ’ (1932) ಬೇರೆಯೇ ಚಿತ್ರ.

ಅಮೆರಿಕದ ಮಾದರಿಯಿಂದ ಈ ಚಿತ್ರಗಳು ದೂರ ಸರಿದದ್ದು ಆರ್ಥಿಕ ಕುಸಿತದ ಹೊತ್ತಿನಲ್ಲಿ. ‘ಪದವಿಯೇನೋ ಆಯಿತು, ಆದರೆ’ (1929) ಕೆಲಸ ಸಿಗದ ಪದವೀಧರನ ಕಥೆ. ಈಗ ಉಳಿದಿರುವುದು ಹತ್ತು ಹನ್ನೊಂದು ನಿಮಿಷದ ತುಣುಕಷ್ಟೇ, ಆದರೂ ಅದರ ಶೀರ್ಷಿಕೆ ನಿರುದ್ಯೋಗದ ಆ ಕಾಲದಲ್ಲಿ ಜನರ ಬಾಯಲ್ಲಿ ನಿಂತಿತು. ನಿಜವಾದ ತಿರುವೆಂದರೆ ಪೂರ್ಣವಾಗಿ ಉಳಿದಿರುವ ‘ಫೇಲೇನೋ ಆದೆ, ಆದರೆ’ (1930). ತತ್ಸುವೊ ಸೈಟೊ ನಟಿಸಿದ ವಿದ್ಯಾರ್ಥಿ ಕಾಪಿ ಹೊಡೆಯಲೆಂದು ಬಿಳಿ ಅಂಗಿಯ ಮೇಲೆ ಉತ್ತರಗಳನ್ನೆಲ್ಲ ಬರೆದಿಟ್ಟುಕೊಂಡರೆ, ಪರೀಕ್ಷೆಯ ಬೆಳಿಗ್ಗೆ ಆ ಅಂಗಿ ಬಟ್ಟೆ ಒಗೆಯುವ ಅಂಗಡಿಗೆ ಹೋಗಿಬಿಡುತ್ತದೆ. ಅವನು ನಪಾಸಾಗುತ್ತಾನೆ. ಪಾಸಾದ ಗೆಳೆಯರು ಕೆಲಸವಿಲ್ಲದೆ ಕೋಣೆಯಲ್ಲಿ ಕೂತಿರುವಾಗ, ಇವನು ಮನೆಯಿಂದ ಬರುವ ದುಡ್ಡಿನಲ್ಲಿ ಇನ್ನೊಂದು ವರ್ಷ ಕಾಲೇಜಿನಲ್ಲಿ ನಿಶ್ಚಿಂತ! ಅಂದಹಾಗೆ, ಇಷ್ಟೆಲ್ಲ ಕಾಲೇಜು ಚಿತ್ರ ಮಾಡಿದ ಓಜು ಸ್ವತಃ ಪ್ರವೇಶ ಪರೀಕ್ಷೆಯಲ್ಲಿ ಫೇಲಾಗಿ, ಕಾಲೇಜಿನ ಮೆಟ್ಟಿಲನ್ನೇ ಹತ್ತಿದವರಲ್ಲ.

1932ರ ‘ಯೌವನದ ಕನಸುಗಳೀಗ ಎಲ್ಲಿ’ ಚಿತ್ರದಲ್ಲಿ ನಗು ಕಹಿಯಾಗುತ್ತದೆ. ತಂದೆ ತೀರಿಕೊಂಡು ಕಂಪನಿಯ ಒಡೆಯನಾದ ಹುಡುಗ, ಕೆಲಸ ಕೇಳಿ ಬಂದ ಸಹಪಾಠಿಗಳಿಗೆ ನೇಮಕಾತಿ ಪರೀಕ್ಷೆಯ ಉತ್ತರಗಳನ್ನು ತಾನೇ ಒದಗಿಸುತ್ತಾನೆ. ಅಲ್ಲಿಂದ ಗೆಳೆತನ ಹೋಗಿ ಯಜಮಾನಿಕೆ ಬರುತ್ತದೆ: ಕಿನುಯೊ ತನಾಕಾ ನಟಿಸಿದ ಹುಡುಗಿಯನ್ನು ಮದುವೆಯಾಗಲಿದ್ದ ಗೆಳೆಯ, ಒಡೆಯನಿಗೂ ಅವಳ ಮೇಲೆ ಮನಸ್ಸಿದೆಯೆಂದು ತಿಳಿದು, ನೌಕರಿಯ ಭಯಕ್ಕೆ ತೆಪ್ಪಗೆ ಹಿಂದೆ ಸರಿಯುತ್ತಾನೆ. ಒಡೆಯ ಅವನಿಗೆ ಹೊಡೆಯುವುದು ಆ ಹೇಡಿತನಕ್ಕಾಗಿ.

ಓಜು ಅವರ ಮೊದಲ ವಾಕ್ಚಿತ್ರ ‘ಒಬ್ಬನೇ ಮಗ’ (1936) ಹಾಸ್ಯಚಿತ್ರವಲ್ಲ, ಆದರೆ ಓದಿಗೆ ತಕ್ಕ ಫಲ ಸಿಗದ ಇದೇ ನಿರಾಶೆ ಅಲ್ಲೂ ಇದೆ. ಅದರಲ್ಲಿ ಮಗನ ಓದಿಗಾಗಿ ಇದ್ದದ್ದನ್ನೆಲ್ಲ ಕಳೆದುಕೊಂಡ ತಾಯಿ ಟೋಕಿಯೊಗೆ ಬಂದು ನೋಡಿದರೆ, ಮಗ ರಾತ್ರಿ ಶಾಲೆಯ ಮೇಷ್ಟ್ರಾಗಿದ್ದಾನೆ.