ಕೆಡವುವ ಮೊದಲು ಒಂದು ಮಾತು



ದಹಿಸರ್ ಕಡೆಯಿಂದ ಬರುವ ವೆಸ್ಟರ್ನ್ ಎಕ್ಸ್‌ಪ್ರೆಸ್ ಹೈವೇ ಮುಂಬಯಿಯ ನಮ್ಮ ಕೇಳುಗರಿಗೆಲ್ಲ ಗೊತ್ತು. ಅದರ ಫುಟ್‌ಪಾತಿನ ಮೇಲಿದ್ದ ಒಂದು ಗುಡಿಸಲು ಸುಪ್ರೀಂ ಕೋರ್ಟಿನವರೆಗೆ ಹೋಗಿತ್ತು. ಈ ಸಲ ಆ ಕಥೆ ಕೇಳಿ.

1961ರ ಸುಮಾರಿಗೆ ತಮಿಳುನಾಡಿನ ಸೇಲಂನಿಂದ ಒಬ್ಬ ಕೂಲಿಯಾಳು ಮುಂಬಯಿಗೆ ಬಂದ. ಊರಲ್ಲಿ ಬರ, ಸ್ವಂತ ಹೊಲವಿಲ್ಲ. ಕಲಬುರ್ಗಿ, ರಾಯಚೂರು ಕಡೆಯಿಂದ ಗುಳೆ ಬಂದ ನಮ್ಮವರದೂ ಇದೇ ದಾರಿಯಲ್ಲವೇ? ದಹಿಸರ್‌ನ ಒಂದು ಕೆಮಿಕಲ್ ಕಂಪನಿಯಲ್ಲಿ ಅವನಿಗೆ ದಿನಕ್ಕೆ 23 ರೂಪಾಯಿ ಕೂಲಿ ಸಿಕ್ಕಿತು. ಪ್ಲಾಸ್ಟಿಕ್ ಹಾಳೆ, ಕ್ಯಾನ್ವಾಸ್ ಹೊದಿಸಿದ ಒಂದು ಗೂಡಿಗಾಗಿ ಅಲ್ಲಿನ ದಾದಾ ಅವನಿಂದ 2,500 ರೂಪಾಯಿ ಕಿತ್ತುಕೊಂಡ. ಪುಕ್ಕಟೆ ಎಂದು ನಾವು ತಿಳಿಯುವ ಫುಟ್‌ಪಾತು ಪುಕ್ಕಟೆಯೇನೂ ಅಲ್ಲ!

1981ರ ಜುಲೈ 13ರಂದು ಮುಖ್ಯಮಂತ್ರಿ ಎ. ಆರ್. ಅಂತುಳೆ ಒಂದು ಘೋಷಣೆ ಹೊರಡಿಸಿದರು. ಫುಟ್‌ಪಾತಿನವರನ್ನೆಲ್ಲ ಎಬ್ಬಿಸಿ ಅವರವರ ಊರಿಗೆ ಸಾಗಹಾಕಬೇಕು ಎಂದು. ಸುರಿಯುವ ಮಳೆಗಾಲ ಅದು. ಹತ್ತು ದಿನದಲ್ಲಿ ಸೇಲಂನವನ ಗುಡಿಸಲೂ ಕೆಡವಲ್ಪಟ್ಟಿತು. ಸಂಸಾರ ಸಮೇತ ಅವನನ್ನು ಬಸ್ಸಿಗೆ ಹತ್ತಿಸಿದರು. ಹೆಂಡತಿ ಮಕ್ಕಳು ಸೇಲಂನಲ್ಲೇ ಉಳಿದರು. ಅವನು ಮಾತ್ರ ಕೆಲಸ ಹುಡುಕಿಕೊಂಡು ಮತ್ತೆ ಮುಂಬಯಿಗೆ, ಮತ್ತೆ ಫುಟ್‌ಪಾತಿಗೇ ಬಂದ.

ಪತ್ರಕರ್ತೆ ಓಲ್ಗಾ ಟೆಲಿಸ್ ಮತ್ತು ಕೆಲವು ನಾಗರಿಕ ಹಕ್ಕು ಸಂಘಟನೆಗಳೂ ಕೋರ್ಟಿನ ಮೆಟ್ಟಿಲೇರಿದ್ದರಿಂದ ಈ ಮೊಕದ್ದಮೆಗೆ ಅವರದೇ ಹೆಸರು ಉಳಿಯಿತು. ನಗರಪಾಲಿಕೆಯ ಕೈಯಲ್ಲಿದ್ದುದು 1888ರ ಮುಂಬಯಿ ಪಾಲಿಕೆ ಕಾಯಿದೆಯ 314ನೇ ಕಲಂ. ಒತ್ತುವರಿಯನ್ನು ನೋಟೀಸಿಲ್ಲದೆ ತೆಗೆಸಬಹುದು ಎಂದು ಅದರಲ್ಲಿ ಬರೆದಿದೆ. ಸಾರ್ವಜನಿಕ ಜಾಗದಲ್ಲಿ ಕೂತವನಿಗೆ ಹೇಳಿಕೊಳ್ಳಲು ಏನಿದೆ, ಅವನನ್ನು ಯಾಕೆ ಕೇಳಬೇಕು ಎಂಬುದು ಪಾಲಿಕೆಯ ವಾದ.

1985ರ ಜುಲೈ 10ರಂದು ಮುಖ್ಯ ನ್ಯಾಯಮೂರ್ತಿ ವೈ. ವಿ. ಚಂದ್ರಚೂಡರ ನೇತೃತ್ವದ ಐವರ ಪೀಠ ಇದನ್ನು ಒಪ್ಪಲಿಲ್ಲ. ನೋಟೀಸಿಲ್ಲದೆ ತೆಗೆಸ'ಬಹುದು' ಎಂದರೆ ತೆಗೆಸಲೇ'ಬೇಕು' ಎಂದಲ್ಲ. ನೋಟೀಸು ಕೊಡುವುದೇ ನಿಯಮ, ಕೊಡದಿರುವುದು ತುರ್ತಿನ ಅಪವಾದ ಎಂದಿತು. ಹೇಳಲು ಏನೂ ಇಲ್ಲವೆಂದು ಮೊದಲೇ ತೀರ್ಮಾನಿಸಿ ಕೇಳದಿರುವುದು ನ್ಯಾಯವಲ್ಲ. ತನ್ನ ಪಾಡು ನಿರ್ಧಾರವಾಗುವಾಗ ಮಾತಾಡುವ ಅವಕಾಶಕ್ಕೆ, ಫಲ ಏನೇ ಬರಲಿ, ತನ್ನದೇ ಬೆಲೆಯಿದೆ. ಬದುಕುವ ಹಕ್ಕಿನಲ್ಲಿ ದುಡಿದು ತಿನ್ನುವ ಹಕ್ಕೂ ಸೇರಿದೆ ಎಂಬ ಮಾತೂ ಇದೇ ತೀರ್ಪಿನದು.

ಇಂಗ್ಲೆಂಡಿನಲ್ಲಿ ಇದಕ್ಕೊಂದು ಹಳೆಯ ಜೋಡಿಯಿದೆ. 1863ರಲ್ಲಿ ಕೂಪರ್ ಎಂಬಾತ ಕಟ್ಟುತ್ತಿದ್ದ ಮನೆಯನ್ನು ಲಂಡನ್ನಿನ ವಾಂಡ್ಸ್‌ವರ್ತ್ ಮಂಡಳಿ ಕೆಡವಿಹಾಕಿತ್ತು. ಕೆಡವುವ ಅಧಿಕಾರ ಕಾಯಿದೆಯಲ್ಲೇ ಇತ್ತು, ಆದರೂ ಮೊದಲು ಅವನ ಮಾತು ಕೇಳಬೇಕಿತ್ತು ಎಂದು ಕೋರ್ಟು ತೀರ್ಪಿತ್ತಿತು.

ಇಷ್ಟಾಗಿ ಆ ಫುಟ್‌ಪಾತಿನವರಿಗೆ ದಕ್ಕಿದ್ದೇನು? ನನ್ನ ಮಟ್ಟಿಗೆ ತೀರ್ಪಿನ ಅತ್ಯಂತ ಇರುಸುಮುರುಸಿನ ಭಾಗ ಇದು. ಸಾಮಾನ್ಯವಾಗಿ ಪಾಲಿಕೆಯ ಕಮಿಷನರ್ ಇವರ ಅಹವಾಲು ಕೇಳಲಿ ಎಂದು ಹೇಳುತ್ತಿದ್ದೆವು, ಆದರೆ ಆ ಅವಕಾಶವನ್ನು ನಾವೇ ಧಾರಾಳವಾಗಿ ಕೊಟ್ಟಿದ್ದೇವೆ, ಇನ್ನು ಬೇಡ ಎಂದಿತು ಕೋರ್ಟು. ಫುಟ್‌ಪಾತು ನಡೆಯುವುದಕ್ಕೆ, ಅಲ್ಲಿ ವಾಸಿಸುವ ಹಕ್ಕು ಯಾರಿಗೂ ಇಲ್ಲ. ಮಳೆಗಾಲ ಮುಗಿದು ಒಂದು ತಿಂಗಳು, ಅಂದರೆ ಅಕ್ಟೋಬರ್ 31ರವರೆಗೆ ಎಬ್ಬಿಸಬೇಡಿ ಎಂದಷ್ಟೇ ಗಡುವು ಸಿಕ್ಕಿತು. 1976ರ ಗಣತಿಯ ಗುರುತಿನ ಚೀಟಿ ಇದ್ದವರಿಗೆ ಬೇರೆ ಜಾಗ ಕೊಡಬೇಕೆಂದರೂ, ಅದು ಎಬ್ಬಿಸುವುದಕ್ಕೆ ಮುಂಚಿನ ಷರತ್ತಲ್ಲ ಎಂದುಬಿಟ್ಟಿತು. ದೊಡ್ಡ ತತ್ವ ಗೆದ್ದಿತು, ಗೆಲ್ಲಿಸಿದವರು ಜಾಗ ಖಾಲಿ ಮಾಡಬೇಕಾಯಿತು.

2024ರ ನವೆಂಬರ್ 13ರಂದು ನ್ಯಾಯಮೂರ್ತಿಗಳಾದ ಬಿ. ಆರ್. ಗವಾಯಿ ಮತ್ತು ಕೆ. ವಿ. ವಿಶ್ವನಾಥನ್ ಬುಲ್ಡೋಜರ್ ಪ್ರಕರಣಗಳಲ್ಲಿ ದೇಶಕ್ಕೆಲ್ಲ ನಿಯಮ ಹಾಕಿಕೊಟ್ಟರು: ಹದಿನೈದು ದಿನಗಳ ನೋಟೀಸು, ಖುದ್ದು ಅಹವಾಲು, ಕಾರಣ ಬರೆದ ಆದೇಶ. ಆದರೆ ರಸ್ತೆ, ಫುಟ್‌ಪಾತು, ರೈಲು ಹಳಿಯ ಪಕ್ಕ, ನದಿ ಕೆರೆಗಳ ಜಾಗದಲ್ಲಿ ಅನುಮತಿಯಿಲ್ಲದೆ ಕಟ್ಟಿದ್ದಕ್ಕೆ ಇದು ಅನ್ವಯಿಸದು ಎಂದೂ ಅದರಲ್ಲೇ ಇದೆ. ಹೀಗಾಗಿ ಫುಟ್‌ಪಾತಿನವರು ನೋಟೀಸು ಕೇಳಬೇಕಾದರೆ ಇಂದಿಗೂ 1985ರ ಆ ತೀರ್ಪನ್ನೇ ಹಿಡಿದು ಹೋಗಬೇಕು. ಐವರ ಪೀಠದ ಮಾತನ್ನು ಇಬ್ಬರ ಪೀಠ ಅಳಿಸಲಾರದು.