ಪರದೆಯ ಅಂಚಿನಲ್ಲಿ ನಿಂತವರು: ಬರ್ಗ್‌ಮನ್ ಬಳಗದ ಲಾರ್ಸ್-ಓವೆ ಕಾರ್ಲ್‌ಬರ್ಗ್

ಸ್ವೀಡನ್ನಿನ ಇಂಗ್ಮಾರ್ ಬರ್ಗ್‌ಮನ್ ಚಿತ್ರಗಳನ್ನು ನೋಡಿದವರಿಗೆ ಲಿವ್ ಉಲ್ಮನ್, ಮ್ಯಾಕ್ಸ್ ವಾನ್ ಸಿಡೋ, ಛಾಯಾಗ್ರಾಹಕ ಸ್ವೆನ್ ನಿಕ್ವಿಸ್ಟ್ ಅವರ ಹೆಸರುಗಳು ಪರಿಚಿತ. ಅದೇ ಚಿತ್ರಗಳ ಹೆಸರುಪಟ್ಟಿಯಲ್ಲಿ 1960ರ ದಶಕದ ಆರಂಭದಿಂದ 1970ರ ದಶಕದ ಮಧ್ಯಭಾಗದವರೆಗೆ ಮತ್ತೆ ಮತ್ತೆ ಕಾಣಿಸುವ ಲಾರ್ಸ್-ಓವೆ ಕಾರ್ಲ್‌ಬರ್ಗ್ ಎಂಬ ಹೆಸರನ್ನು ಗಮನಿಸಿದವರು ವಿರಳ. ಕನ್ನಡ ಚಿತ್ರಗಳ ಆರಂಭದಲ್ಲಿ ‘ನಿರ್ಮಾಣ ನಿರ್ವಹಣೆ’ ಎಂದು ಕ್ಷಣಕಾಲ ಮೂಡಿ ಮರೆಯಾಗುವ ಸಾಲಿದೆಯಲ್ಲ, ಕಾರ್ಲ್‌ಬರ್ಗ್ ಅವರದು ಅದೇ ವೃತ್ತಿ. ನಡುನಡುವೆ ಪುಟ್ಟ ಪಾತ್ರಗಳಲ್ಲಿ ಅವರು ಬಣ್ಣ ಹಚ್ಚಿದ್ದೂ ಉಂಟು.

ನಿರ್ಮಾಣ ನಿರ್ವಾಹಕನ ಕೆಲಸಕ್ಕೆ ಕೀರ್ತಿ ಕಡಿಮೆ, ತಾಪತ್ರಯ ಹೆಚ್ಚು. ಚಿತ್ರೀಕರಣದ ದಿನಗಳನ್ನು ಗೊತ್ತುಪಡಿಸುವುದು, ತಂಡದ ಊಟ-ವಸತಿ, ವಾಹನ, ಕೂಲಿ, ಪರವಾನಗಿ ಇವೆಲ್ಲ ಅವನ ಹೊಣೆ. ಬರ್ಗ್‌ಮನ್ ಬಳಗಕ್ಕೆ ಇದರ ಜೊತೆಗೆ ಸಮುದ್ರವೂ ಸೇರಿತು. ‘ಥ್ರೂ ಎ ಗ್ಲಾಸ್ ಡಾರ್ಕ್‌ಲಿ’ (1961) ಚಿತ್ರವನ್ನು ಸ್ಕಾಟ್ಲೆಂಡಿನ ಆರ್ಕ್ನಿ ದ್ವೀಪಗಳಲ್ಲಿ ತೆಗೆಯಬೇಕೆಂಬುದು ನಿರ್ದೇಶಕರ ಬಯಕೆಯಾಗಿತ್ತು. ವೆಚ್ಚಕ್ಕೆ ಅಂಜಿದ ನಿರ್ಮಾಣ ಸಂಸ್ಥೆ ಸ್ವೀಡನ್ನಿನದೇ ಆದ ಫೋರೊ ದ್ವೀಪವನ್ನು ಸೂಚಿಸಿತು. ಮಿತವ್ಯಯದ ಆ ಸಲಹೆಯಿಂದಲೇ ಬರ್ಗ್‌ಮನ್ ಅವರಿಗೆ ಬದುಕಿನ ಕೊನೆಯವರೆಗಿನ ನೆಲೆ ದೊರಕಿತು. ಆ ಚಿತ್ರದ ನಿರ್ವಹಣೆ ಕಾರ್ಲ್‌ಬರ್ಗ್ ಅವರದು. ‘ದಿ ಸೈಲೆನ್ಸ್’ (1963), ‘ಪರ್ಸೋನಾ’ (1966), ‘ಶೇಮ್’ (1968) ಚಿತ್ರಗಳಲ್ಲಿಯೂ ಅದೇ ಹೊಣೆ ಅವರ ಹೆಗಲೇರಿತು.

‘ಶೇಮ್’ಗಾಗಿ ಫೋರೊದಲ್ಲಿ ಒಂದು ಮನೆಯನ್ನೇ ಕಟ್ಟಲಾಗಿತ್ತು. ನಿಯಮದಂತೆ ಅದನ್ನು ಕೆಡವಬೇಕಿತ್ತು. ಮನೆಯ ಮೇಲೆ ಮೋಹ ಬೆಳೆಸಿಕೊಂಡ ಬರ್ಗ್‌ಮನ್ ಅಲ್ಲಿಯೇ ಇನ್ನೊಂದು ಚಿತ್ರ ತೆಗೆಯುವುದಾಗಿ ಹೇಳಿ ಅದನ್ನು ಉಳಿಸಿಕೊಂಡರು. ಹಾಗೆ ರೂಪುಗೊಂಡದ್ದು ‘ದಿ ಪ್ಯಾಶನ್ ಆಫ್ ಅನ್ನಾ’ (1969). ಅದರಲ್ಲಿ ಬರುವ ಪೊಲೀಸರಲ್ಲಿ ಒಬ್ಬರು ಕಾರ್ಲ್‌ಬರ್ಗ್. ಹಣದ ಚೀಲ ಹಿಡಿದವರಿಗೇ ಸಮವಸ್ತ್ರ ತೊಡಿಸಿದ್ದು ನಿರ್ದೇಶಕರ ತಮಾಷೆಯೋ ಉಳಿತಾಯವೋ!

ಆದರೆ ಅವರ ಪಾತ್ರಗಳಲ್ಲಿ ನೆನಪಿಡಬೇಕಾದದ್ದು ‘ವಿಂಟರ್ ಲೈಟ್’ (1963) ಚಿತ್ರದ ಪೊಲೀಸ್ ಅಧಿಕಾರಿ. ಬದುಕಿನಲ್ಲಿ ಭರವಸೆ ಕಳೆದುಕೊಂಡ ಮೀನುಗಾರನೊಬ್ಬ ನದಿಯ ಬಳಿ ತನಗೆ ತಾನೇ ಗುಂಡಿಕ್ಕಿಕೊಂಡಿದ್ದಾನೆ. ಅವನಿಗೆ ಸಾಂತ್ವನ ಹೇಳಲಾರದೆ ಸೋತ ಪಾದ್ರಿ ಅಲ್ಲಿಗೆ ಬರುತ್ತಾನೆ. ಕ್ಯಾಮೆರಾ ದೂರದಲ್ಲಿಯೇ ನಿಲ್ಲುತ್ತದೆ. ಮನುಷ್ಯರ ಮಾತು ನೀರಿನ ಭೋರ್ಗರೆತದಲ್ಲಿ ಮುಳುಗಿಹೋಗುತ್ತದೆ. ಬರ್ಗ್‌ಮನ್ ಚಿತ್ರಗಳ ಅತ್ಯಂತ ಕಠೋರ ದೃಶ್ಯಗಳಲ್ಲಿ ಇದೂ ಒಂದು.

ಬರ್ಗ್‌ಮನ್ ಅವರ ಸ್ವಂತ ಸಂಸ್ಥೆ ಸಿನೆಮಾಟೋಗ್ರಾಫ್‌ನಲ್ಲಿ ಕಾರ್ಲ್‌ಬರ್ಗ್ ನಿರ್ಮಾಪಕರ ಸ್ಥಾನಕ್ಕೇರಿದರು. ನಿಜವಾದ ಪರೀಕ್ಷೆ ಎದುರಾದದ್ದು ‘ಕ್ರೈಸ್ ಅಂಡ್ ವಿಸ್ಪರ್ಸ್’ ಸಂದರ್ಭದಲ್ಲಿ. ಸಾಯುತ್ತಿರುವ ಒಬ್ಬಳು ಮತ್ತು ಅವಳ ಸೋದರಿಯರ ಕಥೆಗೆ ಬಂಡವಾಳ ಹೂಡುವವರು ಸುಲಭವಾಗಿ ಸಿಗಲಿಲ್ಲ. ಬರ್ಗ್‌ಮನ್ ತಮ್ಮ ಉಳಿತಾಯ ಸುರಿದರು. ಉಲ್ಮನ್, ಇಂಗ್ರಿಡ್ ಥುಲಿನ್, ನಿಕ್ವಿಸ್ಟ್ ಸಂಭಾವನೆಯನ್ನೇ ಬಂಡವಾಳವಾಗಿ ತೊಡಗಿಸಿದರು. ಸ್ವೀಡಿಷ್ ಚಲನಚಿತ್ರ ಸಂಸ್ಥೆಯೂ ನೆರವಾಯಿತು. ಸೋತಿದ್ದರೆ ಮುಳುಗುತ್ತಿದ್ದುದು ಗೆಳೆಯರ ದುಡ್ಡು. ಅಮೆರಿಕದಲ್ಲಿ ಅಗ್ಗದ ಚಿತ್ರಗಳಿಗೆ ಹೆಸರಾದ ರೋಜರ್ ಕಾರ್ಮನ್ ಅವರ ಕಂಪನಿ ವಿತರಣೆಗೆ ಮುಂದಾಗಿ, 1972ರ ಡಿಸೆಂಬರ್‌ನಲ್ಲಿ ಚಿತ್ರ ನ್ಯೂಯಾರ್ಕಿನಲ್ಲಿ ತೆರೆಕಂಡಿತು. 1974ರ ಆಸ್ಕರ್ ಸಮಾರಂಭದಲ್ಲಿ ನಿಕ್ವಿಸ್ಟ್ ಅವರಿಗೆ ಛಾಯಾಗ್ರಹಣ ಪ್ರಶಸ್ತಿ ಲಭಿಸಿತು. ಶ್ರೇಷ್ಠ ಚಿತ್ರ ವಿಭಾಗಕ್ಕೂ ಅದು ನಾಮಕರಣಗೊಂಡಿತ್ತು. ಅಲ್ಲಿ ನಿರ್ಮಾಪಕರೆಂದು ದಾಖಲಾದದ್ದು ಬರ್ಗ್‌ಮನ್ ಹೆಸರು. ಕಾರ್ಲ್‌ಬರ್ಗ್ ತೆರೆಯ ಮೇಲೆ ಪ್ರೇಕ್ಷಕರ ಗುಂಪಿನಲ್ಲಿ ಒಬ್ಬರಾಗಿ ಇಣುಕಿ ಹೋಗುತ್ತಾರೆ.

ಟೆಲಿವಿಷನ್ನಿಗಾಗಿ ತಯಾರಾದ ಆರು ಕಂತುಗಳ ‘ಸೀನ್ಸ್ ಫ್ರಮ್ ಎ ಮ್ಯಾರೇಜ್’ (1973) ಕೂಡ ಅವರ ನಿರ್ಮಾಣವೇ. 1976ರ ಜನವರಿಯಲ್ಲಿ ತೆರಿಗೆ ಪ್ರಕರಣವೊಂದರಲ್ಲಿ ಪೊಲೀಸರು ಬರ್ಗ್‌ಮನ್ ಅವರನ್ನು ರಂಗತಾಲೀಮಿನ ನಡುವೆಯೇ ಕರೆದೊಯ್ದರು. ಆರೋಪ ಬಿದ್ದುಹೋದರೂ ನೊಂದ ಅವರು ಅದೇ ವರ್ಷ ದೇಶ ತೊರೆದರು. ಮುಂದಿನ ಚಿತ್ರಗಳು ಜರ್ಮನಿ, ನಾರ್ವೆಗಳಲ್ಲಿ ತಯಾರಾದವು. ಸ್ವೀಡನ್ನಿಗೆ ಮರಳಿ ‘ಫ್ಯಾನಿ ಅಂಡ್ ಅಲೆಕ್ಸಾಂಡರ್’ (1982) ತೆಗೆಯುವ ಹೊತ್ತಿಗೆ ನಿರ್ಮಾಣ ನಿರ್ವಹಣೆಯ ಹೊಣೆ, ಬಳಗದಲ್ಲಿ ಸ್ಕ್ರಿಪ್ಟ್ ಸಹಾಯಕಿಯಾಗಿ ಬೆಳೆದ ಕತಿಂಕಾ ಫಾರಾಗೋ ಅವರ ಕೈಸೇರಿತ್ತು.